ಹಲಗೂರಿನ ಕಬ್ಬಿಣ, ಕಲ್ಯಾಣದ ಬಾಗಿಲು

ನಮ್ಮ ಇಸ್ಕೂಲಿನ ಚರಿತ್ರೆ ಪುಸ್ತಕಗಳಲ್ಲಿ 'ಸುವರ್ಣಯುಗ' ಅನ್ನೋ ಮಾತು ತಲೆಮಾರುಗಳಿಂದ ಗಟ್ಟಿಯಾಗಿ ಕೂತುಬಿಟ್ಟಿದೆ. ನಾನು ಓದುವಾಗಲೂ ಇತ್ತು. ಈಗ ಮಳವಳ್ಳಿ ತಾಲ್ಲೂಕಿನ ಒಂದು ಹಳ್ಳಿಯಲ್ಲಿ ಮೇಷ್ಟ್ರಾಗಿ ನಿಂತು ನಾನೇ ಪಾಠ ಹೇಳುವಾಗಲೂ ಇದೆ. ಗುಪ್ತರ ಕಾಲ ಸುವರ್ಣಯುಗ. ಬುದ್ಧಿಯೂ ಕಲೆಯೂ ಕಸುಬೂ ಒಟ್ಟಿಗೇ ಹೂ ಬಿಟ್ಟ ಕಾಲ. ಆರ್ಯಭಟ 499ರಲ್ಲಿ ಲೆಕ್ಕದ, ನಕ್ಷತ್ರಗಳ ಗ್ರಂಥ ಬರೆದ. ಈಗ ದಿಲ್ಲಿಯಲ್ಲಿ ನಿಂತಿರುವ ಕಬ್ಬಿಣದ ಕಂಬ ಆ ಕಾಲದ್ದು: ಏಳು ಮೀಟರ್ ಎತ್ತರ, ಆರು ಟನ್ನಿಗೂ ಮಿಕ್ಕ ತೂಕ. ಸಾವಿರದ ಆರುನೂರು ವರ್ಷ ಮಳೆ ಬಿಸಿಲು ಕುಡಿದರೂ ತುಕ್ಕು ತಿಂದು ಉದುರಿಲ್ಲ.

ಅದೇ ಕಾಲಕ್ಕೆ ಚೀನಾದಿಂದ ಬಂದ ಫಾಹಿಯಾನ್ ಇನ್ನೊಂದು ಸಂಗತಿಯನ್ನೂ ಬರೆದಿಟ್ಟು ಹೋದ. ಚಂಡಾಲರು ಊರ ಹೊರಗೆ ಇರಬೇಕು, ಪೇಟೆಗೆ ಬಂದರೆ ಕಟ್ಟಿಗೆ ಬಡಿದು ಸದ್ದು ಮಾಡುತ್ತ ಬರಬೇಕು, ಮಿಕ್ಕವರು ಆ ಸದ್ದು ಕೇಳಿ ದೂರ ಸರಿಯಬೇಕು. ಪಾಠ ಹೇಳುವಾಗ ಇದನ್ನೂ ನಾನು ಬಿಡದೆ ಹೇಳುತ್ತೇನೆ. ಒಂದು ವರ್ಷ ಕೇರಿಯ ಹುಡುಗನೊಬ್ಬ ಎದ್ದು ನಿಂತು, 'ಸಾ, ಆ ಕಂಬ ಬಡ್ದೋರು ಊರೊಳಗಿದ್ರಾ, ಊರಾಚೆ ಇದ್ರಾ?' ಅಂದ. ಕಂಬದ ಮೇಲೆ ರಾಜನ ಹೊಗಳಿಕೆ ಕೆತ್ತಿದ್ದಾರೆ. ಬಡಿದವರ ಹೆಸರು ಕೆತ್ತಿಲ್ಲ. ಅಷ್ಟನ್ನು ಮಾತ್ರ ನಾನು ಹೇಳಬಲ್ಲವನಾಗಿದ್ದೆ, ಹೇಳಿದೆ.

ಗೆಳೆಯರೆ, ಆ ಹುಡುಗನ ಪ್ರಶ್ನೆಯನ್ನು ನಮ್ಮ ಕೇರಿಯವರು ಬಹಳ ಹಿಂದೆಯೇ ಕೇಳಿದ್ದಾರೆ. ಕಾಗದದ ಮೇಲೆ ಕೇಳಲಿಲ್ಲ, ಕಾಗದ ಅವರ ಕೈಗೆ ಸಿಕ್ಕಿರಲಿಲ್ಲ. ತಂಬೂರಿ ಹಿಡಿದು ಕೇಳಿದರು. ಮಂಟೇಸ್ವಾಮಿ ಕಾವ್ಯ ಅಂತ ಈಗ ವಿಶ್ವವಿದ್ಯಾಲಯದವರು ಕರೆಯುವ, ನಮ್ಮವರು 'ಧರೆಗೆ ದೊಡ್ಡೋರ ಕತೆ' ಅನ್ನುವ ಹಾಡಿನ ಮಾತು ಇದು.

ಅದೊಂದು ಕಟ್ಟಿದ ಲೋಕ. ಅಲ್ಲಿ ಮನಸ್ಸಿನಲ್ಲಿ ನೆನೆದದ್ದು ನಡೆಯುತ್ತದೆ, ಬೆಟ್ಟ ಮಾತು ಕೇಳುತ್ತದೆ, ಕಬ್ಬಿಣ ಮೆತ್ತಗಾಗುತ್ತದೆ. ಆದರೆ ಊರುಗಳೆಲ್ಲ ನಿಜ. ಮಂಟೇಸ್ವಾಮಿ ಬಂದು ನೆಲೆನಿಂತ ಬೊಪ್ಪೇಗೌಡನಪುರ ನಮ್ಮ ಮಳವಳ್ಳಿ ತಾಲ್ಲೂಕಿನದು, ಬಸ್ಸಿನ ಬೋರ್ಡಿನಲ್ಲಿ ಬಿ.ಜಿ.ಪುರ. ಅವನ ಶಿಷ್ಯ ಸಿದ್ದಪ್ಪಾಜಿ ಮೊದಲಿಗೆ ನಿಡಘಟ್ಟದ ಆಚಾರಿ ಮನೆಯ ಹುಡುಗ ಕೆಂಪಾಚಾರಿ. ಆ ನಿಡಘಟ್ಟ ಮದ್ದೂರು ತಾಲ್ಲೂಕಿನಲ್ಲಿ ಬೆಂಗಳೂರು-ಮೈಸೂರು ರಸ್ತೆಯ ಮಗ್ಗುಲಿಗಿದೆ. ಕಬ್ಬಿಣದ ಕುಲುಮೆಗಳಿಂದ ಮೆರೆಯುತ್ತಿದ್ದ ಹಲಗೂರು ಮಳವಳ್ಳಿಯಿಂದ ಕನಕಪುರಕ್ಕೆ ಹೋಗುವ ದಾರಿಯಲ್ಲಿ. ರಾಚಪ್ಪಾಜಿ ಕಪ್ಪಡಿಯಲ್ಲಿ, ಸಿದ್ದಪ್ಪಾಜಿ ಕಾವೇರಿ ಆಚೆಯ ಚಿಕ್ಕಲ್ಲೂರಿನಲ್ಲಿ. ದೇವಲೋಕದ ಕತೆ ಕೇಳುತ್ತ ಬೆಳೆದ ಮಕ್ಕಳಿಗೆ ಆ ಲೋಕ ಎಲ್ಲೋ ಮೇಲಿರುತ್ತದೆ. ನಮಗೆ ಅದು ಎಂಟಾಣೆ ಚಾರ್ಜಿನ ದೂರದಲ್ಲಿತ್ತು.

ನಮ್ಮ ಚಿಕ್ಕಪ್ಪ ನೀಲಗಾರ. ಎಪ್ಪತ್ತು ದಾಟಿದ್ದಾನೆ. ಅಕ್ಷರ ಬಾರದು. ಊರಿನವರ ಎಣಿಕೆಯಲ್ಲಿ ಅವನು ಹೆಬ್ಬೆಟ್ಟು. ಆದರೆ ಸಂಜೆ ಒಂಬತ್ತಕ್ಕೆ ಕೂತರೆ ಕೋಳಿ ಕೂಗುವ ತನಕ ಹಾಡುತ್ತಾನೆ, ಮರುದಿನ ರಾತ್ರಿ ಬಿಟ್ಟ ಜಾಗದಿಂದಲೇ ಎತ್ತಿಕೊಳ್ಳುತ್ತಾನೆ. ಇದು ಹೇಗೆ ಅಂತ ನಾನು ಚಿಕ್ಕವನಿದ್ದಾಗಿನಿಂದ ನೋಡುತ್ತ ಬಂದಿದ್ದೇನೆ. ಬಲಗೈಯ ಬೆರಳು ತಂಬೂರಿಯ ತಂತಿ ಮೇಲೆ, ಎಡಗೈಯಲ್ಲಿ ಗಗ್ಗರ. ತಂಬೂರಿ ಒಂದೇ ಸ್ವರ ಹಿಡಿದು ಗುಂಯ್ ಅನ್ನುತ್ತಿರುತ್ತದೆ. ಅದು ಅವನಿಗೆ ಕಾಲೂರುವ ನೆಲ. ಗಗ್ಗರ ಹೆಜ್ಜೆ ಎಣಿಸುತ್ತದೆ. ಒಂದು ಸೊಲ್ಲು ಮುಗಿಯುತ್ತಲೇ ಹಿಂದೆ ಕೂತವರು ದಮ್ಮಡಿ, ತಾಳದ ಜೊತೆ ಅದನ್ನು ಎಳೆದು ಹಾಡುತ್ತಾರೆ. ಕೇಳುವವರಿಗೆ ಅದು ಇಂಪು, ಹಾಡುವವನಿಗೆ ಅದು ಸಮಯ. ಅಷ್ಟರಲ್ಲಿ ಮುಂದಿನ ಸೊಲ್ಲು ಅವನ ನಾಲಗೆಯ ತುದಿಗೆ ಬಂದು ನಿಂತಿರುತ್ತದೆ. ಗುರು ಬರುವಾಗ ಹಾಡುವ ಮಾತು, ಬಾಗಿಲಲ್ಲಿ ತಡೆದಾಗ ಹಾಡುವ ಮಾತು, ತಾಯಿ ಅಳುವಾಗ ಹಾಡುವ ಮಾತು, ಹೀಗೆ ಹದ ಮಾಡಿಟ್ಟ ಸೊಲ್ಲುಗಳ ಕಣಜವೇ ಅವನ ತಲೆಯಲ್ಲಿದೆ. ಎಲ್ಲಿ ಯಾವುದು ಬೇಕೋ ಅದನ್ನು ತೆಗೆದು ಕೂರಿಸುತ್ತಾನೆ. ಕೇಳುವ ಜನ ತೂಕಡಿಸಿದರೆ ಕತೆ ಚುರುಕಾಗುತ್ತದೆ. ಹೆಂಗಸರು ಕಣ್ಣೊರೆಸಿಕೊಂಡರೆ ಅದೇ ಜಾಗದಲ್ಲಿ ಇನ್ನೊಂದು ಗಳಿಗೆ ನಿಲ್ಲುತ್ತದೆ.

ಇದನ್ನು ಬಾಯಿಪಾಠ ಅನ್ನುವವರಿಗೆ ಬಾಯಿಪಾಠವೂ ಗೊತ್ತಿಲ್ಲ, ಹಾಡೂ ಗೊತ್ತಿಲ್ಲ. 1930ರ ದಶಕದಲ್ಲಿ ಮಿಲ್ಮನ್ ಪ್ಯಾರಿ ಎಂಬ ಅಮೆರಿಕದ ವಿದ್ವಾಂಸ ಯುಗೋಸ್ಲಾವಿಯದ ಹಳ್ಳಿಗಳಿಗೆ ಹೋಗಿ ಓದುಬರಹ ಇಲ್ಲದ ಹಾಡುಗಾರರನ್ನು ಕೇಳಿದ. ಅವರು ನೆನಪಿನಿಂದ ಒಪ್ಪಿಸುತ್ತಿಲ್ಲ, ಹಾಡುತ್ತಲೇ ಕಟ್ಟುತ್ತಿದ್ದಾರೆ ಎಂಬುದು ಅವನಿಗೆ ಹೊಳೆಯಿತು. ಗ್ರೀಕರ ಹೋಮರನೂ ಇಂಥವನೇ ಇದ್ದಿರಬೇಕು ಅಂತ ವಾದಿಸಿದ. ಅವನ ಶಿಷ್ಯ ಆಲ್ಬರ್ಟ್ ಲಾರ್ಡ್ 1960ರಲ್ಲಿ ಅದನ್ನು ಪುಸ್ತಕ ಮಾಡಿದ, ಜಗತ್ತು ಬೆರಗಾಯಿತು. ನಮ್ಮಲ್ಲೂ ನಾಗಮಂಗಲ ಸೀಮೆಯ ಜೀಶಂಪ ಅವರಂಥವರು ಹಳ್ಳಿ ಹಳ್ಳಿ ಸುತ್ತಿ ಜನಪದ ಕಾವ್ಯಗಳನ್ನು ಬರೆದಿಟ್ಟರು. ಚಿಕ್ಕಪ್ಪನಿಗೆ ಈ ಪ್ಯಾರಿಯ ಸಂಗತಿ ಹೇಳಿದೆ. 'ಆ ದೊರೆ ಅಷ್ಟು ದೂರ ಯಾಕೆ ವೋಗಿದ್ದ, ಇಲ್ಲಿಗೇ ಬಂದಿದ್ರೆ ಒಂದ್ ಹೊತ್ತು ಮುದ್ದೆ ಇಕ್ಕಿ ಹೇಳ್ತಿರ್ಲಿಲ್ವಾ' ಅಂದ.

ಈಗ ಕತೆಗೆ ಬರುತ್ತೇನೆ. ಈ ಕಾವ್ಯದೊಳಗೆ ಎರಡು ಸುವರ್ಣಯುಗಗಳಿವೆ. ಒಂದು ಕಲ್ಯಾಣ, ಇನ್ನೊಂದು ಹಲಗೂರು.

ಕಲ್ಯಾಣದ್ದು ಎಲ್ಲರಿಗೂ ಗೊತ್ತಿರುವ ಕನಸು. ಹನ್ನೆರಡನೇ ಶತಮಾನ, ಕಾಯಕ ಮಾಡುವವರೆಲ್ಲ ಕೂತು ಮಾತಾಡಿದ ಕಾಲ. ನಾನೂ ಅದನ್ನು ಹೆಮ್ಮೆಯಿಂದಲೇ ಹೇಳುವವನು. ಆದರೆ ನಮ್ಮ ನೀಲಗಾರರ ಕಲ್ಯಾಣ ಬೇರೆ. ಅಲ್ಲಿ ಒಂದು ಲಕ್ಷದ ತೊಂಬತ್ತಾರು ಸಾವಿರ ಜಂಗಮರು ದಿನವೂ ಉಂಡು ತೇಗುತ್ತಿದ್ದಾರೆ. ಆ ಪಟ್ಟಣದ ಬಾಗಿಲಿಗೆ ಧರೆಗೆ ದೊಡ್ಡೋರು ಬರುತ್ತಾರೆ. ಹೇಗೆ ಬರುತ್ತಾರೆ? ಮೈ ತುಂಬ ಹುಣ್ಣು, ಕೈಯಲ್ಲಿ ಹೆಂಡದ ಗಡಿಗೆ, ಹೆಗಲ ಮೇಲೆ ಸತ್ತ ಕರ. ಬಾಗಿಲು ಕಾಯುವವರು ಮೂಗು ಮುಚ್ಚಿಕೊಂಡು ಅಟ್ಟುತ್ತಾರೆ. ಜಂಗಮರು ದಿಕ್ಕು ದಿಕ್ಕಿಗೆ ಓಡುತ್ತಾರೆ. ಬಂದವರು ಯಾರು ಅಂತ ಕೊನೆಗೆ ಗುರುತು ಹಿಡಿಯುವವನು ಬಸವಣ್ಣ. ಇದು ಬಸವಣ್ಣನನ್ನು ಹೀಗಳೆಯುವ ಕತೆ ಅಂತ ಕೆಲವರು ಮುನಿಸಿಕೊಳ್ಳುತ್ತಾರೆ. ನನಗೆ ಹಾಗೆ ಕಂಡಿಲ್ಲ. ಬಸವಣ್ಣ ಗುರುತು ಹಿಡಿದನಲ್ಲ, ಹಾಡಿದವರ ಪ್ರೀತಿ ಅಲ್ಲಿದೆ. ಎಂಥ ಒಳ್ಳೆಯ ಕಾಲವಾದರೂ ಅದರ ಬಾಗಿಲಿಗೆ ಕೇರಿಯವನು ಹೋಗಿ ನಿಂತು ನೋಡಬೇಕು, ಒಳಗಿನವರು ಮೂಗು ಮುಚ್ಚಿಕೊಳ್ಳುತ್ತಾರೋ ಇಲ್ಲವೋ ಅನ್ನುವುದೇ ಪರೀಕ್ಷೆ.

ಇನ್ನು ಹಲಗೂರು. ಬೊಪ್ಪೇಗೌಡನಪುರದ ಮಠಮನೆಗೆ ಕಬ್ಬಿಣ ಬೇಕು. ಹಲಗೂರಿನ ಪಂಚಾಳರ ಹತ್ತಿರ ಬೇಕಾದಷ್ಟಿದೆ. ಹಗಲೂ ರಾತ್ರಿ ಉರಿಯುವ ಕುಲುಮೆಗಳು, ತಿದಿಯ ಉಸಿರು, ಸುತ್ತಿಗೆಯ ಸದ್ದು. ಚಿಕ್ಕಪ್ಪ ಹಾಡುವಾಗ ಗಗ್ಗರವನ್ನೇ ಬೇರೆ ಥರ ಬಡಿದು ಕುಲುಮೆಯ ಸದ್ದು ಎಬ್ಬಿಸುತ್ತಾನೆ. ಅಲ್ಲಿಗೆ ಕಬ್ಬಿಣದ ಭಿಕ್ಷೆಗೆ ಹೋಗುವವನು ಸಿದ್ದಪ್ಪಾಜಿ. ಅವನೇ ಆಚಾರಿ ಮನೆಯಲ್ಲಿ ಹುಟ್ಟಿದವನು. ತನ್ನ ಕಸುಬಿನವರ ಬಾಗಿಲಿಗೇ ಜೋಳಿಗೆ ಒಡ್ಡಿ ನಿಂತಿದ್ದಾನೆ. ಪಂಚಾಳರು ಇಲ್ಲ ಅನ್ನುತ್ತಾರೆ. ಪರೀಕ್ಷೆ ಮೇಲೆ ಪರೀಕ್ಷೆ ಒಡ್ಡುತ್ತಾರೆ. ಎಲ್ಲ ಗೆದ್ದ ಮೇಲೆ ಕಬ್ಬಿಣ ಬರುತ್ತದೆ.

ಪವಾಡದ ಭಾಗವನ್ನು ನಾನು ಮಕ್ಕಳಿಗೆ ಪವಾಡ ಅಂತಲೇ ಹೇಳುತ್ತೇನೆ, ಅದನ್ನು ನಂಬಿ ಅನ್ನುವುದಿಲ್ಲ. ಆದರೆ ಕುಲುಮೆ ಪವಾಡವಲ್ಲ. ಹಳೇ ಮೈಸೂರು ಸೀಮೆಯಲ್ಲಿ ಮಣ್ಣಿನ ಕುಲುಮೆಗಳಲ್ಲಿ ಕಬ್ಬಿಣ ಕರಗಿಸುತ್ತಿದ್ದರು, ಉಕ್ಕನ್ನೂ ಮಾಡುತ್ತಿದ್ದರು. ಟಿಪ್ಪು ಬಿದ್ದ ಮರುವರ್ಷ, 1800-01ರಲ್ಲಿ, ಕಂಪನಿಯವರ ಪರವಾಗಿ ಈ ಸೀಮೆ ಸುತ್ತಿದ ಬುಕಾನನ್ ಈ ಕಸುಬನ್ನು ಕಣ್ಣಾರೆ ನೋಡಿ ಬರೆದಿದ್ದಾನೆ. ಉಕ್ಕು ಮಾಡುವ ರೀತಿ ಹೀಗೆ: ಜೇಡಿಮಣ್ಣಿನ ಮೂಸೆಯಲ್ಲಿ ಕಬ್ಬಿಣದ ತುಂಡು ಹಾಕಿ, ಜೊತೆಗೆ ತಂಗಡಿ ಗಿಡದ ಕಡ್ಡಿ, ಸೊಪ್ಪು ಇಟ್ಟು, ಬಾಯಿಗೆ ಮಣ್ಣು ಮೆತ್ತಿ, ಇದ್ದಲ ಬೆಂಕಿಯಲ್ಲಿ ತಾಸುಗಟ್ಟಲೆ ತಿದಿ ಒತ್ತಬೇಕು. ಕಡ್ಡಿಯೊಳಗಿನ ಇಂಗಾಲ ಕಬ್ಬಿಣಕ್ಕೆ ಸೇರಿ ಉಕ್ಕಾಗುತ್ತದೆ. ಆ ಉಕ್ಕಿಗೆ ಇಂಗ್ಲೆಂಡಿನವರು 'ವೂಟ್ಸ್' ಅಂದರು. ಅದು ನಮ್ಮ 'ಉಕ್ಕು' ಎಂಬ ಮಾತೇ ಅವರ ನಾಲಗೆಯಲ್ಲಿ ತಿರುಚಿದ್ದು ಅಂತ ಬಲ್ಲವರು ಹೇಳುತ್ತಾರೆ.

ಈ ತಂಗಡಿ ಗಿಡದ ಹತ್ತಿರ ಒಂದಿಷ್ಟು ನಿಲ್ಲಬೇಕು. ನಮ್ಮ ಕಡೆ ಬೇಲಿ ಸಾಲಿನಲ್ಲಿ, ಬೀಳು ಹೊಲದಲ್ಲಿ ಹಳದಿ ಹೂ ಬಿಟ್ಟುಕೊಂಡು ನಿಂತಿರುತ್ತದೆ. ಅದರ ಕಡ್ಡಿ ಉಕ್ಕಿನ ಮೂಸೆಗೆ ಹೋಗುತ್ತಿತ್ತು. ಅದರ ಚಕ್ಕೆ? ತೊಗಲು ಹದ ಮಾಡುವ ಗುಂಡಿಗೆ ಹೋಗುತ್ತಿತ್ತು. ಹದ ಮಾಡಿದ ಆ ತೊಗಲೇ ತಿದಿಯಾಗಿ ಕುಲುಮೆಗೆ ಬರುತ್ತಿತ್ತು. ತೊಗಲಿಲ್ಲದೆ ತಿದಿಯಿಲ್ಲ, ತಿದಿಯಿಲ್ಲದೆ ಗಾಳಿಯಿಲ್ಲ, ಗಾಳಿಯಿಲ್ಲದೆ ಕಬ್ಬಿಣ ಕರಗದು. ಕಲ್ಯಾಣದ ಬಾಗಿಲಲ್ಲಿ ಯಾವ ಸತ್ತ ಕರ ನೋಡಿ ಮೂಗು ಮುಚ್ಚಿಕೊಂಡರೋ, ಅಂಥದೊಂದು ಕರದ ತೊಗಲೇ ಹಲಗೂರಿನ ಸಿರಿಯ ಉಸಿರಾಗಿತ್ತು. ಇದನ್ನು ನಾನು ಯಾವ ಪುಸ್ತಕದಲ್ಲೂ ಓದಲಿಲ್ಲ. ಒಂದು ರಾತ್ರಿ ಎರಡು ಸಾಲನ್ನೂ ಒಟ್ಟಿಗೆ ಕೇಳುತ್ತ ಕೂತಿದ್ದಾಗ ಹೊಳೆಯಿತು. ಚಿಕ್ಕಪ್ಪನಿಗೆ ಹೇಳಿದರೆ, 'ಇದ ಹೇಳಕ್ಕೆ ಬಿಯೆಡ್ ಓದ್ಬೇಕಾಗಿತ್ತೇನ್ಲಾ' ಅಂದ.

ಜಾತಿ ಅಂದರೆ ಬರೀ ಕೆಲಸದ ವಿಭಜನೆಯಲ್ಲ, ಕೆಲಸಗಾರರನ್ನೇ ಒಡೆದು ಮೇಲುಕೀಳಾಗಿ ಜೋಡಿಸಿಟ್ಟದ್ದು ಅಂತ ಬಾಬಾಸಾಹೇಬರು 1936ರ 'ಜಾತಿ ವಿನಾಶ'ದಲ್ಲಿ ವಾದಿಸಿದರು. ಇದ್ದಲು ಸುಡುವವನು, ತೊಗಲು ಹದ ಮಾಡುವವನು, ಮೂಸೆಯ ಮಣ್ಣು ಕಲಸುವವಳು, ಸುತ್ತಿಗೆ ಹೊಡೆಯುವವನು, ಇವರೆಲ್ಲ ಒಂದೇ ಕುಲುಮೆಯ ಸುತ್ತ ದುಡಿದರೂ ಒಟ್ಟಿಗೆ ಕೂತು ಉಣ್ಣಲಾರರು. ಹಾಗಿದ್ದ ಮೇಲೆ ಒಬ್ಬನ ತಿಳಿವು ಇನ್ನೊಬ್ಬನಿಗೆ ದಾಟುವುದು ಎಲ್ಲಿಂದ? ಇದನ್ನು ಪಂಚಾಳರನ್ನು ಬೈಯಲು ಹೇಳುತ್ತಿಲ್ಲ. ಸೀಮೆ ಕಬ್ಬಿಣ ಹಡಗಿನಲ್ಲಿ ಬಂದಿಳಿದ ಮೇಲೆ ಅವರ ಕುಲುಮೆಗಳೂ ಆರಿದವು, ಅವರ ಮಕ್ಕಳೂ ಗಾರೆ ಕೆಲಸಕ್ಕೆ ಬೆಂಗಳೂರು ಬಸ್ಸು ಹತ್ತಿದರು.

ಕಡಲಾಚೆ ಅದೇ ಉಕ್ಕು ಇನ್ನೊಂದು ಕತೆಯಾಯಿತು. 1820ರ ಸುಮಾರಿಗೆ ಲಂಡನ್ನಿನಲ್ಲಿ ಮೈಕೆಲ್ ಫ್ಯಾರಡೆ ಎಂಬ ಯುವಕ ಈ ವೂಟ್ಸ್ ತುಂಡುಗಳನ್ನು ಕರಗಿಸಿ, ಇದರ ಗುಟ್ಟೇನು ಅಂತ ಪರೀಕ್ಷೆ ಮಾಡುತ್ತಿದ್ದ. ಅವನು ಯಾರ ಮಗ? ಕಮ್ಮಾರನ ಮಗ! ಪುಸ್ತಕಕ್ಕೆ ರಟ್ಟು ಕಟ್ಟುವ ಅಂಗಡಿಯಲ್ಲಿ ದುಡಿಯುತ್ತ, ಕಟ್ಟಲು ಬಂದ ಪುಸ್ತಕಗಳನ್ನೇ ಓದಿ ಬೆಳೆದವನು. ಅಲ್ಲೂ ಮೇಲುಕೀಳು ಇತ್ತು, ಅವನೂ ಅವಮಾನ ಉಂಡ. ಆದರೂ ಒಂದು ಬಾಗಿಲು ತೆರೆಯಿತು, ಪ್ರಯೋಗಶಾಲೆಯ ಒಳಗೆ ಹೋದ. 1831ರಲ್ಲಿ ತಂತಿಯ ಸುರುಳಿ ಮತ್ತು ಅಯಸ್ಕಾಂತದಿಂದ ವಿದ್ಯುತ್ತು ಹುಟ್ಟಿಸುವ ತತ್ವ ಕಂಡುಹಿಡಿದ. ನಿಡಘಟ್ಟದ ಕಮ್ಮಾರನ ಮಗ ಜೋಳಿಗೆ ಹಿಡಿದು ದೇವರಾದ. ಲಂಡನ್ನಿನ ಕಮ್ಮಾರನ ಮಗ ವಿಜ್ಞಾನಿಯಾದ. ಸಿದ್ದಪ್ಪಾಜಿಯ ಮೇಲೆ ನನಗೆ ಭಕ್ತಿಗಿಂತ ಮರುಕವೇ ಹೆಚ್ಚಾಗಿರುವುದು ಇದಕ್ಕೇ.

ಆ ಫ್ಯಾರಡೆಯ ತತ್ವ ತಿರುಗಿ ನಮ್ಮ ತಾಲ್ಲೂಕಿಗೇ ಬಂತು. ಹಲಗೂರಿನಿಂದ ಬಹಳ ದೂರವಿಲ್ಲದ ಶಿವನಸಮುದ್ರದಲ್ಲಿ, ನಾವು 'ಬ್ಲಫ್' ಅನ್ನುವ ಜಾಗದಲ್ಲಿ, 1902ರಲ್ಲಿ ಕರೆಂಟು ಹುಟ್ಟಿತು. ದಿವಾನರ ಮೈಸೂರನ್ನು ಮಾದರಿ ಸಂಸ್ಥಾನ ಅಂತ ಹೊಗಳುವವರು ಮೊದಲು ಎತ್ತುವ ಹೆಸರೇ ಇದು. ಆಗಿನ ಕಾಲಕ್ಕೆ ಅದು ನಿಜಕ್ಕೂ ದೊಡ್ಡ ಸಾಹಸ. ಆದರೆ ಆ ಕರೆಂಟು ಮೊದಲು ಹೋದದ್ದು ಎಲ್ಲಿಗೆ? ನೂರ ನಲವತ್ತೇಳು ಕಿಲೋಮೀಟರ್ ದೂರದ ಕೋಲಾರದ ಚಿನ್ನದ ಗಣಿಗೆ. 1905ಕ್ಕೆ ಬೆಂಗಳೂರಿನ ಬೀದಿಗೆ. ಚಿನ್ನ ಇಂಗ್ಲೆಂಡಿಗೆ. ನೆಲದಾಳದಲ್ಲಿ ಅದನ್ನು ಅಗೆದವರಲ್ಲಿ ಬಹಳ ಮಂದಿ ಆರ್ಕಾಟು ಸೀಮೆಯಿಂದ ಬಂದ ನಮ್ಮಂಥ ಕೇರಿಗಳವರೇ. 2001ರಲ್ಲಿ ಗಣಿ ಮುಚ್ಚಿತು, ಅವರ ಮೊಮ್ಮಕ್ಕಳು ಈಗ ದಿನಾ ಬೆಳಿಗ್ಗೆ ರೈಲು ಹತ್ತಿ ಬೆಂಗಳೂರಿಗೆ ಕೂಲಿಗೆ ಹೋಗುತ್ತಾರೆ. ಸುವರ್ಣಯುಗ ಅಂದರೆ ಅಕ್ಷರಶಃ ಇದೇ ತಾನೆ.

ಬ್ಲಫಿನ ತಂತಿ ನಮ್ಮ ಹೊಲಗಳ ಮೇಲೆ ಹಾದು ಹೋಗಿತ್ತು. ನಮ್ಮ ಗುಡಿಸಲಿಗೆ ದೀಪ ಬಂದದ್ದು ಭಾಗ್ಯಜ್ಯೋತಿಯಲ್ಲಿ, 1980ರ ಆಚೀಚೆ. ಮನೆಗೊಂದು ಬಲ್ಬು. ಎಪ್ಪತ್ತೆಂಟು ವರ್ಷ! ಆ ಬಲ್ಬಿನ ಕೆಳಗೆ ಕೂತು ನಾನು ಓದಿದೆ. ಅದರ ಕೆಳಗೇ ಕೂತು ಚಿಕ್ಕಪ್ಪ ಹಾಡಿದ. ಕತ್ತಲೆ ಹೋಯಿತು ಅಂತ ಅವ್ವ ಅತ್ತಳು. ಹಾಡಿಗೆ ಕತ್ತಲೇ ಚೆನ್ನಾಗಿತ್ತು ಅಂತ ಚಿಕ್ಕಪ್ಪ ಗೊಣಗಿದ. ಕೃಷ್ಣರಾಜಸಾಗರದ ನಾಲೆ, 1933ರ ಮಂಡ್ಯದ ಸಕ್ಕರೆ ಕಾರ್ಖಾನೆ ಇವುಗಳ ಕತೆಯನ್ನು ಇಲ್ಲಿ ಬೆಳೆಸುವುದಿಲ್ಲ. ನಾಲೆಯ ಕೊನೆಗಿರುವ ಮದ್ದೂರು ಮಳವಳ್ಳಿಯ ರೈತರನ್ನು ಕೇಳಿದರೆ ನೀರು ಎಲ್ಲಿಯವರೆಗೆ ಬರುತ್ತದೆ ಅಂತ ಅವರೇ ಹೇಳುತ್ತಾರೆ. ಆ ರೈತರ ಹೊಲದಲ್ಲಿ ಕಬ್ಬು ಕಡಿಯುವವರನ್ನೂ ಒಂದು ಮಾತು ಕೇಳಿ.

ನೆನಪಿನ ಈ ಕಲೆಯನ್ನು ಹೊಗಳುವಾಗ ನನಗೊಂದು ಭಯವಿದೆ. ಪೇಟೆಯ ಪಂಡಿತರು ಈಗ ಜನಪದದ ಮೇಲೆ ವಿಪರೀತ ಪ್ರೀತಿ ತೋರುತ್ತಾರೆ. 'ಅಕ್ಷರ ಇಲ್ಲದಿದ್ದರೇನಂತೆ, ಎಂಥ ಜ್ಞಾನ!' ಅನ್ನುತ್ತಾರೆ. ಅಕ್ಷರ ಇಲ್ಲದಿದ್ದದ್ದು ನಾವು ಆರಿಸಿಕೊಂಡದ್ದೇ? ಚಿಕ್ಕಪ್ಪ ಏಳು ವರ್ಷದವನಿದ್ದಾಗ ಗೌಡರ ದನ ಕಾಯಲು ಹೋದ, ಸಾಲಕ್ಕೆ ಜೀತ. ಇಸ್ಕೂಲಿನ ಕಿಟಕಿಯನ್ನು ದನದ ಹಿಂದಿನಿಂದ ನೋಡಿದ. ತಲೆಯಲ್ಲಿ ಕಣಜ ಕಟ್ಟಿಕೊಳ್ಳದೆ ಅವನಿಗೆ ಬೇರೆ ಕಣಜ ಇರಲಿಲ್ಲ. ಹಾಡಿಗೆ ಸಿಕ್ಕಿದ್ದೇನು? ಕೋರಣ್ಯದ ರಾಗಿ, ಮೊರದಲ್ಲಿ ಒಂದಿಷ್ಟು ಅಕ್ಕಿ. ಹಾಡಿದವನ ಕಾಲಿಗೆ ಬೀಳುವ ಊರಿನವರೇ ಬೆಳಿಗ್ಗೆ ಅವನಿಗೆ ಜಗಲಿಯ ಕೆಳಗೆ ನೀರು ಎತ್ತಿ ಹುಯ್ದದ್ದನ್ನು ನಾನು ನೋಡಿದ್ದೇನೆ.

ಸರ್ಕಾರ ಕಲಾವಿದರಿಗೆ ಮಾಸಾಶನ ಕೊಡುತ್ತದೆ. ಚಿಕ್ಕಪ್ಪನ ಅರ್ಜಿ ತಗೊಂಡು ನಾನೂ ಅವನೂ ಒಂದು ಕಚೇರಿಗೆ ಹೋದೆವು. ಕಲಾವಿದ ಅನ್ನುವುದಕ್ಕೆ ಪ್ರಮಾಣಪತ್ರ ಎಲ್ಲಿ, ಕಾರ್ಯಕ್ರಮದ ಫೋಟೋ ಎಲ್ಲಿ, ಪತ್ರಿಕೆಯ ತುಣುಕು ಎಲ್ಲಿ ಅಂದರು. ಐವತ್ತು ವರ್ಷ ರಾತ್ರಿಯೆಲ್ಲ ಹಾಡಿದವನಿಗೆ ಫೋಟೋ ತೆಗೆದವರು ಯಾರಿದ್ದರು? ಹುಟ್ಟಿದ ತಾರೀಕೂ ಇಲ್ಲ. ಆಧಾರ್ ಕಾರ್ಡಿನಲ್ಲಿ ಯಾರೋ ಜನವರಿ ಒಂದು ಅಂತ ಹಾಕಿದ್ದಾರೆ. ಕೊನೆಗೆ ಮೇಜಿನ ಹಿಂದೆ ಕೂತಿದ್ದವರು, 'ಎಲ್ಲಿ, ಒಂದೆರಡು ನಿಮಿಷ ಹಾಡಿ' ಅಂದರು. ಚಿಕ್ಕಪ್ಪ ತಂಬೂರಿ ತಂದಿದ್ದ. ಗವಸು ಬಿಚ್ಚಲಿಲ್ಲ. 'ಎಲ್ಡು ನಿಮ್ಸಕ್ಕೆ ಗುರು ಎದ್ದು ಕೂರಕ್ಕಿಲ್ಲ ಬುದ್ದಿ, ಬಾಗ್ಲಿಗೂ ಬರಕ್ಕಿಲ್ಲ' ಅಂದು ಎದ್ದು ಬಂದ. 'ಬುದ್ದಿ' ಅನ್ನುವ ಆ ಮಾತನ್ನು ಅವನ ಬಾಯಿಂದ ಬಿಡಿಸಲು ನನ್ನಿಂದ ಈವರೆಗೂ ಆಗಿಲ್ಲ. ಬಿ.ಜಿ.ಪುರಕ್ಕೆ ಬರುವ ಭಕ್ತರ ಮೊಬೈಲುಗಳಲ್ಲಿ ಹುಡುಕಿ, ಅವನು ಹಾಡಿರುವ ಎರಡು ವಿಡಿಯೋ ಸಿಕ್ಕಿತು. ಅದನ್ನು ಲಗತ್ತಿಸಿ ಮತ್ತೆ ಅರ್ಜಿ ಕೊಟ್ಟಿದ್ದೇನೆ.

ಅವನ ಮಗ, ನನ್ನ ತಮ್ಮ, ಮದ್ದೂರಿನಲ್ಲಿ ಗೂಡ್ಸ್ ಆಟೋ ಓಡಿಸುತ್ತಾನೆ. ಎಳನೀರು ಹೇರುತ್ತಾನೆ. ಒಳ್ಳೆಯ ಕಂಠ ಇದೆ. ಆದರೆ ತಂಬೂರಿ ಮುಟ್ಟುವುದಿಲ್ಲ. 'ಅಣ್ಣ, ತಂಬೂರಿ ಜೊತೆಗೆ ಜೋಳಿಗೆನೂ ಬತ್ತದೆ. ಜೋಳಿಗೆ ಬ್ಯಾಡ ಅಂದ್ರೆ ಗುರುದ್ರೋಹ ಅಂತಾರೆ. ನಾನ್ ಯಾವನ ಬಾಗಿಲಿಗೂ ವೋಗಿ ನಿಂತ್ಕಳಕ್ಕಿಲ್ಲ' ಅನ್ನುತ್ತಾನೆ. ಅವನಿಗೆ ನಾನು ಎದುರು ಹೇಳಲಾರೆ, ಹೇಳುವ ಹಕ್ಕೂ ನನಗಿಲ್ಲ. ಹಾಡು ಉಳಿಯಬೇಕು ಅಂತ ಅವನನ್ನು ಭಿಕ್ಷೆಗೆ ಕಳಿಸುವುದು ಯಾವ ನ್ಯಾಯ? ಜೋಳಿಗೆ ಬಿಟ್ಟು ತಂಬೂರಿ ಇಟ್ಟುಕೊಳ್ಳುವುದು ಆಗದ ಮಾತೇನಲ್ಲ ಅಂತ ನನ್ನ ನಂಬಿಕೆ. ಕಥಕಳಿಯವನು, ವೀಣೆಯವನು ಸಂಬಳ ತಗೊಂಡು ಕಲಿಸುವಂತೆ ನೀಲಗಾರನೂ ಶಾಲೆಯಲ್ಲಿ ಕೂತು ಯಾಕೆ ಕಲಿಸಬಾರದು? ಸಂಗೀತ ಶಿಕ್ಷಕರ ಹುದ್ದೆಗೆ ತಂಬೂರಿ ಯಾಕೆ ಸಲ್ಲಬಾರದು? ಈ ಪತ್ರಿಕೆ ಓದುವ ಮೇಷ್ಟ್ರುಗಳು ತಮ್ಮ ತಮ್ಮ ತಾಲ್ಲೂಕಿನಲ್ಲಿ ಇದನ್ನು ಕೇಳಬೇಕು.

ಕೇಳಿ ಆದೇಶ ಬರುವ ತನಕ ಸುಮ್ಮನಿರಲಾಗದು ಅಂತ ಹೋದ ವರ್ಷದಿಂದ ಶನಿವಾರ ಮಧ್ಯಾಹ್ನ ಶಾಲೆ ಬಿಟ್ಟ ಮೇಲೆ ಚಿಕ್ಕಪ್ಪನನ್ನು ಕರೆದು ಕೂರಿಸುತ್ತಿದ್ದೇನೆ. ಹತ್ತು ಹನ್ನೆರಡು ಮಕ್ಕಳು ಬರುತ್ತಾರೆ. ಕೇರಿಯವರು ಹೆಚ್ಚು, ಊರೊಳಗಿನವರು ಮೂವರು. ಆಚಾರಿ ಮನೆಯ ಹುಡುಗಿಯೊಬ್ಬಳಿದ್ದಾಳೆ. ಅವಳ ತಾತನ ತಿದಿ ಅಟ್ಟದ ಮೇಲಿತ್ತು. ಒಂದು ದಿನ ಹೊತ್ತು ತಂದಳು. ತೊಗಲು ಒಣಗಿ ಸೀಳಿತ್ತು. ಚಿಕ್ಕಪ್ಪ ಅದನ್ನು ತಿರುಗಿಸಿ ಮುರುಗಿಸಿ ನೋಡಿ, ಹೊಲಿಗೆ ಹಾಕಿದವನ ಕೈ ಒಳ್ಳೆ ಕೈ ಅಂದ. ಮಕ್ಕಳು ಹಾಡು ಬರೆದುಕೊಳ್ಳುತ್ತಾರೆ. 'ಕಬ್ಬಿಣ' ಅಂತ ಬರೆಯಬೇಕೋ 'ಕಬ್ಣ' ಅಂತಲೋ ಅಂತ ಜಗಳ ಆಡುತ್ತಾರೆ. ಹಾಡಿದ ಹಾಗೆ ಬರೀರಿ ಅಂದಿದ್ದೇನೆ. ಮೊನ್ನೆ ಒಬ್ಬಳು ನೋಟುಬುಕ್ಕು ಹಿಡಿದು, 'ತಾತ, ಇದೇ ಜಾಗ ಹೋದ್ವಾರ ಬ್ಯಾರೆ ಹೇಳಿದ್ರಿ' ಅಂದಳು. 'ಹೋದ್ವಾರ ಹೊಟ್ಟೆ ತುಂಬಿತ್ತು ಕನವ್ವ' ಅಂದ.

ಕಲ್ಯಾಣದ ಸಾಲು ಮುಗಿದಿದೆ. ನೂರ ಎಂಬತ್ತು ಪುಟ ಆಗಿದೆ. ಹಲಗೂರಿನ ಸಾಲು ಇನ್ನೂ ಶುರುವಾಗಿಲ್ಲ. ಭತ್ತದ ಕೊಯ್ಲು ಮುಗೀಲಿ, ಆಮೇಲೆ ಹೇಳ್ತೀನಿ ಅಂದಿದ್ದಾನೆ.